ಹಳೆ ಮನೆಯ ಸೀಲಿಂಗ್: ಕೆರೆಯುವ ಮುನ್ನ

ಕಳೆದ ವರ್ಷ ಶಾಬಾನ್ ತಿಂಗಳ ಒಂದು ರಾತ್ರಿ, ಅಮೆರಿಕದ ನ್ಯೂಜೆರ್ಸಿಯಲ್ಲಿರುವ ತಂಗಿಯ ಮಗಳು ವಾಟ್ಸಾಪ್‌ನಲ್ಲಿ ಒಂದು ಫೋಟೋ ಕಳಿಸಿದಳು. ಫೋಟೋದಲ್ಲಿ ಮಕ್ಕಳಿಲ್ಲ, ಹೊಸ ಸೋಫಾ ಇಲ್ಲ. ಬರೀ ಸೀಲಿಂಗ್. ಮಂಡಕ್ಕಿಯನ್ನು ಗೋಂದಿನಲ್ಲಿ ಕಲಸಿ ಮೇಲಕ್ಕೆ ಎರಚಿ, ಅದರ ಮೇಲೆ ಬಿಳಿ ಬಣ್ಣ ಬಳಿದಂತಿತ್ತು. ಫೋಟೋದ ಹಿಂದೆಯೇ ಅವಳ ಧ್ವನಿ ಬಂತು: "ಮಾಮ, ಹೊಸ ಮನೆಯ ಸೀಲಿಂಗ್ ನೋಡಿ, ಎಷ್ಟು ಅಸಹ್ಯ! ರಂಝಾನ್‌ಗೆ ಮುಂಚೆ ಇದನ್ನು ಕೆರೆದು ತೆಗೀಬೇಕು ಅಂತಿದ್ದೇವೆ. ಇಫ್ತಾರ್‌ಗೆ ಜನ ಬರ್ತಾರೆ. ನೀವು ಅಷ್ಟು ವರ್ಷ ಕಟ್ಟಡದ ಕೆಲಸದಲ್ಲಿ ಇದ್ದವರಲ್ಲ, ಸುಲಭದ ದಾರಿ ಏನಾದರೂ ಇದ್ದರೆ ಹೇಳಿ."

ನಾನು ತಕ್ಷಣ ಫೋನ್ ಮಾಡಿ ಕೇಳಿದ್ದು ಒಂದೇ ಪ್ರಶ್ನೆ. "ಮನೆ ಕಟ್ಟಿದ್ದು ಯಾವ ವರ್ಷ?"

"ಹೊಸ ಮನೆ ಅಂದರೆ ನಮಗೆ ಹೊಸತು ಮಾಮ. ಕಟ್ಟಿದ್ದು 1971ರಲ್ಲಿ."

"ಕೆಲಸ ಶುರು ಮಾಡಿದ್ದೀರಾ?"

ಅವಳು ಸ್ವಲ್ಪ ಹೊತ್ತು ಸುಮ್ಮನಾದಳು. ಶನಿವಾರ ಅಳಿಯ ಮಗುವಿನ ಕೋಣೆಯಲ್ಲಿ ಒಂದು ಚಾಪೆಯಗಲದಷ್ಟು ಕೆರೆದು ನೋಡಿದ್ದಾನೆ. ನೀರು ಹಾಕಿದರೂ ಬಣ್ಣದಿಂದಾಗಿ ಒಳಗೆ ಇಳಿಯಲಿಲ್ಲ, ಹಾಗಾಗಿ ಒಣಗಿದ್ದಂತೆಯೇ ಕೆರೆದಿದ್ದಾನೆ. ಕೆಳಗೆ ಬಿದ್ದ ಪುಡಿಯನ್ನು ಮನೆಯ ವ್ಯಾಕ್ಯೂಮ್ ಕ್ಲೀನರ್‌ನಿಂದ ಎಳೆದಿದ್ದಾನೆ. ಬಟ್ಟೆಯನ್ನು ವಾಷಿಂಗ್ ಮೆಷಿನ್‌ಗೆ, ಮಕ್ಕಳ ಬಟ್ಟೆಯ ಜೊತೆಗೇ ಹಾಕಿದ್ದಾನೆ. ಒಳ್ಳೆಯ ಮನಸ್ಸಿನಿಂದ ಮನೆಗೆಲಸಕ್ಕೆ ಕೈ ಹಾಕಿದ ಗಂಡಸು ಏನೆಲ್ಲ ಮಾಡುತ್ತಾನೋ ಅದೆಲ್ಲವನ್ನೂ ಮಾಡಿದ್ದ. ಆದರೆ ಅದರಲ್ಲಿ ಒಂದೊಂದೂ ಮಾಡಬಾರದ ಕೆಲಸವಾಗಿತ್ತು.

ನಮ್ಮ ಕರಾವಳಿಯ ಎಷ್ಟೋ ಮನೆಗಳ ಮಕ್ಕಳು ಈಗ ಅಮೆರಿಕ, ಕೆನಡಾ, ಬ್ರಿಟನ್‌ಗಳಲ್ಲಿ ನೆಲೆಸಿ ಹಳೆ ಮನೆಗಳನ್ನು ಕೊಳ್ಳುತ್ತಿದ್ದಾರೆ. ಹಳೆಯದಕ್ಕೆ ಬೆಲೆ ಕಡಿಮೆ, ಜಾಗ ಹೆಚ್ಚು. ಕೂಲಿ ದುಬಾರಿಯಾದ ಕಾರಣ ರಿಪೇರಿಯನ್ನು ತಾವೇ ಮಾಡಿಕೊಳ್ಳುತ್ತಾರೆ. ಅಂಥವರಿಗೂ, ಅವರಿಗೆ ಫೋನ್ ಮಾಡುವ ಊರಿನ ಅಪ್ಪ ಅಮ್ಮಂದಿರಿಗೂ ಈ ವಿಷಯ ತಿಳಿದಿರಬೇಕೆಂದು ಇದನ್ನು ಬರೆಯುತ್ತಿದ್ದೇನೆ.

ಮಂಡಕ್ಕಿಯೊಳಗೆ ಏನಿದೆ?

ಅಮೆರಿಕದವರು ಇದನ್ನು 'ಪಾಪ್‌ಕಾರ್ನ್ ಸೀಲಿಂಗ್' ಎನ್ನುತ್ತಾರೆ. ಎರಡನೇ ಮಹಾಯುದ್ಧದ ನಂತರ ನಗರಗಳ ಹೊರವಲಯದಲ್ಲಿ ಲಕ್ಷಗಟ್ಟಲೆ ಮನೆಗಳು ಅವಸರದಲ್ಲಿ ಎದ್ದವು. ಅಲ್ಲಿ ನಮ್ಮಂತೆ ಕಾಂಕ್ರೀಟ್ ಸ್ಲ್ಯಾಬ್ ಇಲ್ಲ. ಮರದ ಜಂತಿಗಳ ಕೆಳಗೆ ಜಿಪ್ಸಂ ಹಲಗೆ ಹೊಡೆದು ಸೀಲಿಂಗ್ ಮಾಡುತ್ತಾರೆ. ಆ ಹಲಗೆಗಳ ಸಂದುಗಳನ್ನು ನುಣುಪಾಗಿ ಮುಚ್ಚಲು ಪಳಗಿದ ಕೈ ಬೇಕು, ದಿನಗಟ್ಟಲೆ ಸಮಯ ಬೇಕು. ಅದರ ಬದಲು ಗಟ್ಟಿಯಾಗಿ ಕಲಸಿದ ಮಿಶ್ರಣವನ್ನು ಯಂತ್ರದಿಂದ ಸಿಂಪಡಿಸಿದರೆ ಸಂದು, ಉಬ್ಬು ತಗ್ಗು ಎಲ್ಲ ಮುಚ್ಚಿಹೋಗುತ್ತದೆ. ಕೋಣೆಯೊಳಗಿನ ಸದ್ದೂ ಸ್ವಲ್ಪ ಕಡಿಮೆಯಾಗುತ್ತದೆ. 1950ರಿಂದ 1980ರ ದಶಕದವರೆಗೆ ಇದು ಅಲ್ಲಿ ಮನೆ ಮನೆಗೂ ಬಂತು.

ಆ ಮಿಶ್ರಣಕ್ಕೆ ಹಲವು ಕಡೆ ಆಸ್ಬೆಸ್ಟೋಸ್, ಅಂದರೆ ಕಲ್ನಾರು ಸೇರಿಸುತ್ತಿದ್ದರು. ಹೆಸರೇ ಹೇಳುವಂತೆ ಇದು ನಾರಿನಂತಿರುವ ಕಲ್ಲು. ಬೆಂಕಿಗೆ ಜಗ್ಗುವುದಿಲ್ಲ, ಮಿಶ್ರಣವನ್ನು ಹಿಡಿದಿಡುತ್ತದೆ, ಅಗ್ಗ. ಅಮೆರಿಕದ ಪರಿಸರ ಸಂರಕ್ಷಣಾ ಸಂಸ್ಥೆ 1973ರಲ್ಲಿ ಕಟ್ಟಡಗಳ ಬೆಂಕಿ ನಿರೋಧಕ ಹಾಗೂ ಶಾಖ ನಿರೋಧಕ ಸಿಂಪಡಣೆಗಳಲ್ಲಿ ಕಲ್ನಾರನ್ನು ನಿಷೇಧಿಸಿತು. ಅಲಂಕಾರದ ಸಿಂಪಡಣೆಗೂ ನಿಷೇಧ ಬಂದದ್ದು 1978ರಲ್ಲಿ. ಅಂಗಡಿ, ಗೋದಾಮುಗಳಲ್ಲಿ ಉಳಿದಿದ್ದ ಹಳೆ ದಾಸ್ತಾನು ಅನಂತರವೂ ಬಳಕೆಯಾಯಿತು. ಹಾಗಾಗಿ 1980ರ ದಶಕದ ಮೊದಲ ವರ್ಷಗಳ ಮನೆಗಳ ಮೇಲೂ ಸಂಶಯ ಇಟ್ಟುಕೊಳ್ಳುವುದೇ ಒಳ್ಳೆಯದು.

ಬ್ರಿಟನ್‌ನಲ್ಲಿ ಇದರ ದಾಯಾದಿಯ ಹೆಸರು 'ಆರ್ಟೆಕ್ಸ್'. ಅಲ್ಲಿ ಸಿಂಪಡಿಸದೆ, ದಪ್ಪಗೆ ಬಳಿದು ಬಾಚಣಿಗೆಯಂಥ ಸಾಧನದಿಂದ ಸುರುಳಿ, ಬೀಸಣಿಗೆಯ ಚಿತ್ತಾರ ಎಳೆಯುತ್ತಿದ್ದರು. ಅದರಲ್ಲೂ 1980ರ ದಶಕದ ನಡುವಿನವರೆಗೆ ಬಿಳಿ ಕಲ್ನಾರು ಇರುತ್ತಿತ್ತು. ಬಿಳಿ ಕಲ್ನಾರಿಗೆ ಅಲ್ಲಿ ಪೂರ್ತಿ ನಿಷೇಧ ಬಂದದ್ದು 1999ರಲ್ಲಿ. ಲೆಸ್ಟರ್‌ನಲ್ಲೋ ಬರ್ಮಿಂಗ್‌ಹ್ಯಾಮ್‌ನಲ್ಲೋ ಇರುವ ನೆಂಟರು 2000ಕ್ಕಿಂತ ಹಿಂದಿನ ಮನೆಯಲ್ಲಿದ್ದರೆ ಇದನ್ನು ನೆನಪಿಡಬೇಕು.

ಎಲ್ಲ ಪಾಪ್‌ಕಾರ್ನ್ ಸೀಲಿಂಗ್‌ನಲ್ಲೂ ಕಲ್ನಾರು ಇರುವುದಿಲ್ಲ. ಕೆಲವದರಲ್ಲಿ ಕಾಗದದ ನಾರು, ಕೆಲವದರಲ್ಲಿ ಥರ್ಮೊಕೋಲ್‌ನಂಥ ಪುಟ್ಟ ಗುಳಿಗೆಗಳು ಇರುತ್ತವೆ. ತೊಂದರೆ ಏನೆಂದರೆ ಕಣ್ಣಿನಿಂದ ನೋಡಿ, ಬೆರಳಿನಿಂದ ಮುಟ್ಟಿ ಯಾರೂ ಇದನ್ನು ಹೇಳಲಾರರು. ಮೂವತ್ತು ವರ್ಷ ಅನುಭವದ ಮೇಸ್ತ್ರಿಯೂ ಹೇಳಲಾರ. "ನೋಡಿದರೇ ಗೊತ್ತಾಗುತ್ತದೆ, ಇದರಲ್ಲಿ ಏನಿಲ್ಲ" ಎನ್ನುವವನನ್ನು ಮನೆಯೊಳಗೆ ಬಿಟ್ಟುಕೊಳ್ಳಬೇಡಿ.

ಕೆಮ್ಮು ಬರುವುದಿಲ್ಲ, ಅದೇ ಅಪಾಯ

ಮೆಣಸು ಹುರಿದರೆ ಒಂದೇ ನಿಮಿಷದಲ್ಲಿ ಕೆಮ್ಮು ಬರುತ್ತದೆ, ನಾವು ಕಿಟಕಿ ತೆರೆಯುತ್ತೇವೆ. ಕಲ್ನಾರಿನ ಧೂಳು ಹಾಗಲ್ಲ. ಕೆರೆದಾಗ ಎದ್ದ ಎಳೆಗಳು ಕಣ್ಣಿಗೆ ಕಾಣದಷ್ಟು ಸಣ್ಣವು. ಗಂಟೆಗಟ್ಟಲೆ ಗಾಳಿಯಲ್ಲಿ ತೇಲುತ್ತವೆ. ಉಸಿರಿನೊಂದಿಗೆ ಶ್ವಾಸಕೋಶದ ಆಳಕ್ಕೆ ಇಳಿಯುತ್ತವೆ. ಅಲ್ಲಿಗೆ ತಲುಪಿದ ಎಳೆಗಳನ್ನೆಲ್ಲ ದೇಹ ಹೊರಹಾಕಲಾರದು, ಕರಗಿಸಲಾರದು. ಕೆಮ್ಮಿಲ್ಲ, ಉರಿಯಿಲ್ಲ, ಆ ದಿನ ಏನೂ ಆಗುವುದಿಲ್ಲ.

ರೋಗ ಕಾಣಿಸಿಕೊಳ್ಳುವುದು ಹತ್ತು, ಇಪ್ಪತ್ತು, ಕೆಲವೊಮ್ಮೆ ನಲವತ್ತು ವರ್ಷಗಳ ಮೇಲೆ. ಶ್ವಾಸಕೋಶ ಗಟ್ಟಿಯಾಗುವ ಆಸ್ಬೆಸ್ಟೋಸಿಸ್, ಶ್ವಾಸಕೋಶದ ಕ್ಯಾನ್ಸರ್, ಶ್ವಾಸಕೋಶದ ಹೊರಪೊರೆಯಲ್ಲಿ ಹುಟ್ಟುವ ಮೆಸೊಥೆಲಿಯೋಮಾ ಎಂಬ ಕ್ಯಾನ್ಸರ್, ಇವು ಮುಖ್ಯವಾದವು. ವಿಶ್ವ ಆರೋಗ್ಯ ಸಂಸ್ಥೆಯ ಕ್ಯಾನ್ಸರ್ ಸಂಶೋಧನಾ ಅಂಗವು ಎಲ್ಲ ಬಗೆಯ ಕಲ್ನಾರನ್ನೂ, ಬಿಳಿಯದನ್ನೂ ಸೇರಿಸಿ, ಮನುಷ್ಯರಲ್ಲಿ ಕ್ಯಾನ್ಸರ್ ತರುವ ವಸ್ತುಗಳ ಮೊದಲ ಪಟ್ಟಿಯಲ್ಲಿ ಇಟ್ಟಿದೆ.

ಇದು ಹೊಸ ಸಂಗತಿಯೂ ಅಲ್ಲ. ಇಂಗ್ಲೆಂಡಿನ ರಾಚ್‌ಡೇಲ್‌ನಲ್ಲಿ ಕಲ್ನಾರು ನೂಲುವ ಕೆಲಸದಲ್ಲಿದ್ದ ನೆಲ್ಲಿ ಕೆರ್ಶಾ ಎಂಬ ಮಹಿಳೆ 1924ರಲ್ಲಿ, ಇನ್ನೂ 33ರ ವಯಸ್ಸಿನಲ್ಲಿ ತೀರಿಕೊಂಡಳು. ಆಕೆಯ ಶ್ವಾಸಕೋಶದಲ್ಲಿ ಕಂಡದ್ದನ್ನು ಡಾ. ಕುಕ್ ಎಂಬವರು ಅದೇ ವರ್ಷ ಬ್ರಿಟಿಷ್ ವೈದ್ಯಕೀಯ ಪತ್ರಿಕೆಯಲ್ಲಿ ಬರೆದರು. ಅದಾಗಿ ಅರ್ಧ ಶತಮಾನ ಕಳೆದ ಮೇಲೂ ಅದೇ ವಸ್ತುವನ್ನು ಜನರು ಮಲಗುವ ಕೋಣೆಗಳ ನೆತ್ತಿಗೆ ಸಿಂಪಡಿಸುತ್ತಲೇ ಇದ್ದರು.

ಅಳಿಯನ ಬಟ್ಟೆಯ ಬಗ್ಗೆ ನಾನು ಅಷ್ಟು ಗಾಬರಿಪಟ್ಟದ್ದಕ್ಕೆ ಕಾರಣ ಇದೆ. ಅವರಿರುವ ನ್ಯೂಜೆರ್ಸಿಯಲ್ಲೇ ಪ್ಯಾಟರ್ಸನ್ ಎಂಬ ಊರಿದೆ. ಅಲ್ಲಿ 1941ರಿಂದ 1954ರವರೆಗೆ ಕಲ್ನಾರಿನ ಕಾರ್ಖಾನೆಯೊಂದು ನಡೆಯಿತು. ನ್ಯೂಯಾರ್ಕ್‌ನ ಮೌಂಟ್ ಸೈನಾಯ್ ಆಸ್ಪತ್ರೆಯ ಡಾ. ಇರ್ವಿಂಗ್ ಸೆಲಿಕಾಫ್ ಮತ್ತು ಸಂಗಡಿಗರು ಆ ಕಾರ್ಮಿಕರನ್ನು ಮಾತ್ರವಲ್ಲ, ಅವರ ಮನೆಮಂದಿಯನ್ನೂ ಪರೀಕ್ಷಿಸಿದರು. ಕಾರ್ಖಾನೆಯ ಮೆಟ್ಟಿಲು ಹತ್ತದ ಹೆಂಡತಿ ಮಕ್ಕಳಲ್ಲೂ ಕಲ್ನಾರಿನ ರೋಗ ಕಂಡುಬಂತು. ಅವರು ಮಾಡಿದ್ದು ಧೂಳಿನ ಬಟ್ಟೆಯಲ್ಲಿ ಮನೆಗೆ ಬಂದವನೊಡನೆ ಬದುಕಿದ್ದು, ಆ ಬಟ್ಟೆಯನ್ನು ಒಗೆದದ್ದು, ಅಷ್ಟೇ. ಅದು ವರ್ಷಗಟ್ಟಲೆ ದಿನವೂ ಮನೆಗೆ ಬಂದ ಧೂಳು. ಒಂದು ಶನಿವಾರದ ಧೂಳನ್ನು ಅದರೊಂದಿಗೆ ತೂಗಲಾಗದು. ಆದರೆ ದಾರಿ ಮಾತ್ರ ಅದೇ.

ಮೊದಲು ಬಾಗಿಲು ಮುಚ್ಚಿ

ಆ ರಾತ್ರಿ ನಾನು ಹೇಳಿದ್ದು ಇಷ್ಟು. ಮಗುವಿನ ಕೋಣೆಯಿಂದ ಏನನ್ನೂ ತರಬೇಡಿ, ಬಾಗಿಲು ಹಾಕಿ, ಬಾಗಿಲಿನ ಕೆಳಸಂದಿಗೆ ಟೇಪ್ ಅಂಟಿಸಿ. ಅಲ್ಲಿನ ಮನೆಗಳಲ್ಲಿ ಬಿಸಿಗಾಳಿ, ತಂಪುಗಾಳಿ ಎರಡೂ ಒಂದೇ ಕೊಳವೆಯಲ್ಲಿ ಎಲ್ಲ ಕೋಣೆಗಳಿಗೆ ಹೋಗುತ್ತವೆ, ಹಾಗಾಗಿ ಆ ಯಂತ್ರವನ್ನು ನಿಲ್ಲಿಸಿ, ಕೋಣೆಯ ಗಾಳಿ ಕಿಂಡಿಯನ್ನು ಪ್ಲಾಸ್ಟಿಕ್‌ನಿಂದ ಮುಚ್ಚಿ. ಫ್ಯಾನ್ ಹಾಕಬೇಡಿ. ಗುಡಿಸಬೇಡಿ. ಆ ವ್ಯಾಕ್ಯೂಮ್ ಕ್ಲೀನರನ್ನು ಇನ್ನು ಮುಟ್ಟಬೇಡಿ, ದೊಡ್ಡ ಪ್ಲಾಸ್ಟಿಕ್ ಚೀಲದಲ್ಲಿ ಹಾಕಿ ಕಟ್ಟಿಡಿ. ಸಾಧಾರಣ ವ್ಯಾಕ್ಯೂಮ್ ಸಣ್ಣ ಎಳೆಗಳನ್ನು ಹಿಡಿದಿಡುವುದಿಲ್ಲ, ಹಿಂದಿನಿಂದ ಮತ್ತೆ ಗಾಳಿಗೇ ಊದುತ್ತದೆ. ಹೊರಗಿನ ಪಡಸಾಲೆಯ ನೆಲವನ್ನು ಒದ್ದೆ ಬಟ್ಟೆಯಲ್ಲಿ ಒರೆಸಿ, ಆ ಬಟ್ಟೆಯನ್ನು ಒಗೆಯದೆ ಚೀಲಕ್ಕೆ ಹಾಕಿ.

ಅವಳು ಅಳುತ್ತಿದ್ದಳು. "ಮಗು ಎರಡು ರಾತ್ರಿ ಅಲ್ಲೇ ಮಲಗಿದೆ ಮಾಮ. ಆಸ್ಪತ್ರೆಗೆ ಹೋಗಿ ಎಕ್ಸ್‌ರೇ ತೆಗೆಸಬೇಕಾ?"

ಇದಕ್ಕೆ ಉತ್ತರ ಹೇಳುವ ಅಧಿಕಾರ ನನಗಿಲ್ಲ, ಡಾಕ್ಟರನ್ನೇ ಕೇಳು ಎಂದೆ. ಮರುದಿನ ಅವರ ಡಾಕ್ಟರ್ ಹೇಳಿದ್ದನ್ನು ಇಲ್ಲಿ ಬರೆಯುವುದು ಉಪಯೋಗ. ಉಸಿರಾಡಿದ ಕೂಡಲೇ ಎಕ್ಸ್‌ರೇಯಲ್ಲಿ ಏನೂ ಕಾಣುವುದಿಲ್ಲ, ಹಾಗಾಗಿ ಈಗ ತೆಗೆಸಿ ಪ್ರಯೋಜನವಿಲ್ಲ. ಒಳಹೋದದ್ದನ್ನು ಹೊರತೆಗೆಯುವ ಔಷಧವಿಲ್ಲ. ಆದರೆ ಒಂದು ಸಲದ, ಸ್ವಲ್ಪ ಹೊತ್ತಿನ ಧೂಳಿನಿಂದ ರೋಗ ಬರುವ ಸಾಧ್ಯತೆ ಬಹಳ ಕಡಿಮೆ. ಕಲ್ನಾರಿನ ರೋಗಿಗಳಲ್ಲಿ ಹೆಚ್ಚಿನವರು ಅದರ ಮಧ್ಯೆ ವರ್ಷಗಟ್ಟಲೆ ದುಡಿದವರು. ಕಡಿಮೆ ಎಂದರೆ ಸೊನ್ನೆ ಅಲ್ಲ, ಆದ್ದರಿಂದ ಇದು ಮತ್ತೆ ಆಗದಂತೆ ನೋಡಿಕೊಳ್ಳಿ, ನಡೆದದ್ದನ್ನು ವೈದ್ಯಕೀಯ ದಾಖಲೆಯಲ್ಲಿ ಬರೆಸಿಡಿ ಎಂದರಂತೆ. ಬಳಿಕ ಅಳಿಯನ ಕಡೆ ತಿರುಗಿ ಸಿಗರೇಟು ಸೇದುತ್ತೀರಾ ಎಂದು ಕೇಳಿದರಂತೆ. ಕಲ್ನಾರು ಮತ್ತು ತಂಬಾಕು ಎರಡೂ ಸೇರಿದರೆ ಶ್ವಾಸಕೋಶದ ಕ್ಯಾನ್ಸರಿನ ಅಪಾಯ ಬರೀ ಕೂಡಿದಷ್ಟಲ್ಲ, ಅದಕ್ಕಿಂತ ಬಹಳ ಹೆಚ್ಚು. ಈ ವಿಷಯದಲ್ಲಿ ನಿಮ್ಮ ಕೈಯಲ್ಲಿರುವ ಒಂದೇ ಒಂದು ಔಷಧ ಅದನ್ನು ಬಿಡುವುದು ಎಂದರಂತೆ. ಅಳಿಯ ಸೇದುವುದು ನನ್ನ ತಂಗಿಗೆ ಗೊತ್ತಾದದ್ದು ಆವತ್ತೇ.

ಪರೀಕ್ಷೆಗೆ ಮಾದರಿ

ಕಲ್ನಾರು ಇದೆಯೋ ಇಲ್ಲವೋ ಎಂದು ಹೇಳುವುದು ಪ್ರಯೋಗಾಲಯದ ಸೂಕ್ಷ್ಮದರ್ಶಕ ಮಾತ್ರ. ಅಮೆರಿಕದಲ್ಲಿ ಮಾನ್ಯತೆ ಪಡೆದ ಪ್ರಯೋಗಾಲಯಗಳಿವೆ. ಒಂದು ಮಾದರಿಗೆ ಸಾಮಾನ್ಯವಾಗಿ 100 ಡಾಲರ್‌ಗಿಂತ ಕಡಿಮೆಯೇ ತಗಲುತ್ತದೆ. ಮಾದರಿ ತೆಗೆಯಲು ತರಬೇತಿ ಪಡೆದವರನ್ನೇ ಕರೆಸಿ ಎಂದು ಅಲ್ಲಿನ ಸರಕಾರಿ ಸಂಸ್ಥೆ ಸಲಹೆ ಕೊಡುತ್ತದೆ. ಇವರೂ ಕರೆಸಿದರು. ಸೀಲಿಂಗ್ ಕೆರೆಯುವ ಗುತ್ತಿಗೆದಾರನನ್ನೇ ಪರೀಕ್ಷೆಗೂ ಕರೆಯಬೇಡಿ ಎಂದು ನಾನು ಹೇಳಿದ್ದೆ. ಇದೆ ಎಂದರೂ ಇಲ್ಲ ಎಂದರೂ ಲಾಭವಿರುವವನಿಂದ ಉತ್ತರ ಕೇಳಬಾರದು.

ಬಂದವರು ಮಾಡಿದ ಕ್ರಮ ಹೀಗೆ. ಫ್ಯಾನ್, ಹವಾ ಯಂತ್ರ ಬಂದ್. ಕೆಳಗೆ ಪ್ಲಾಸ್ಟಿಕ್ ಹಾಸು. ಸೀಲಿಂಗ್‌ನ ಆ ಜಾಗಕ್ಕೆ ಸಾಬೂನು ಬೆರೆಸಿದ ನೀರಿನ ತುಂತುರು. ಅನಂತರ ಚಾಕುವಿನಿಂದ ಒಂದು ಟೀ ಚಮಚದಷ್ಟು ಎಬ್ಬಿಸಿ, ಬಾಯಿ ಮುಚ್ಚುವ ಚೀಲಕ್ಕೆ. ಗಾಯವಾದ ಜಾಗಕ್ಕೆ ಬಣ್ಣ ಹಚ್ಚಿ ಮುಚ್ಚಿದರು. ಬಣ್ಣ ಬಳಿದ ಸೀಲಿಂಗ್ ಆದರೆ ಮೇಲಿನ ಬಣ್ಣದ ಸಿಪ್ಪೆ ಮಾತ್ರ ತೆಗೆದರೆ ಸಾಲದು, ಜಿಪ್ಸಂ ಹಲಗೆ ಮುಟ್ಟುವವರೆಗೆ ಪೂರ್ತಿ ಆಳದ ಮಾದರಿ ಬೇಕು. ಒಂದೇ ಜಾಗದ್ದೂ ಸಾಲದು, ಮಿಶ್ರಣವನ್ನು ಬಕೆಟ್ ಬಕೆಟ್ ಆಗಿ ಕಲಸುತ್ತಿದ್ದರಲ್ಲ. ಅಲ್ಲಿನ ಶಾಲೆಗಳಿಗಿರುವ ನಿಯಮದ ಪ್ರಕಾರ ಇಂಥ ಲೇಪನಕ್ಕೆ, 1,000 ಚದರ ಅಡಿಗಿಂತ ಚಿಕ್ಕದಾದರೂ, ಮೂರು ಮಾದರಿ ಬೇಕು. ಮನೆಗೂ ಅದೇ ಲೆಕ್ಕ ಹಿಡಿದರೆ ಕ್ಷೇಮ.

1978ಕ್ಕಿಂತ ಹಿಂದಿನ ಮನೆಯಾದ್ದರಿಂದ ಬಣ್ಣದಲ್ಲಿ ಸೀಸ ಇದೆಯೇ ಎಂದೂ ನೋಡಿಸಿದರು. ಅಮೆರಿಕದಲ್ಲಿ ಮನೆಗಳಿಗೆ ಬಳಿಯುವ ಬಣ್ಣದಲ್ಲಿ ಸೀಸ ನಿಷೇಧವಾದದ್ದೂ 1978ರಲ್ಲೇ. ಸೀಸದ ಧೂಳು ಆರು ವರ್ಷದೊಳಗಿನ ಮಕ್ಕಳ ಮಿದುಳಿಗೆ ಪೆಟ್ಟು ಕೊಡುತ್ತದೆ. ಇವರ ಪುಣ್ಯಕ್ಕೆ ಅದು ಇರಲಿಲ್ಲ.

ಕಲ್ನಾರಿನ ಫಲಿತಾಂಶ ಕೆಲವೇ ದಿನಗಳಲ್ಲಿ ಬಂತು. ಹಾಲ್‌ನಲ್ಲೂ ಮಗುವಿನ ಕೋಣೆಯಲ್ಲೂ ಬಿಳಿ ಕಲ್ನಾರು ಶೇ. 3. ಶೇ. 1 ಮೀರಿದರೆ ಅಲ್ಲಿನ ಕಾನೂನು ಅದನ್ನು ಕಲ್ನಾರಿನ ವಸ್ತು ಎಂದೇ ಎಣಿಸುತ್ತದೆ. ಊಟದ ಕೋಣೆಯನ್ನು ಹಿಂದಿನ ಮಾಲೀಕರು 1988ರಲ್ಲಿ ಸೇರಿಸಿದ್ದರಂತೆ. ಅಲ್ಲಿನ ಸೀಲಿಂಗ್ ನೋಡಲು ಅದೇ ಥರ, ಅದರಲ್ಲಿ ಏನೂ ಇರಲಿಲ್ಲ.

ತೆಗೆಯುವುದೇ, ಮುಚ್ಚುವುದೇ?

ಫಲಿತಾಂಶ ಕಂಡ ಕೂಡಲೇ ಅವಳಿಗೆ ಮನೆಯಿಂದ ಅದೆಲ್ಲವನ್ನೂ ಕಿತ್ತು ಎಸೆಯುವ ತವಕ. ತಾಯಿಯಾದವಳಿಗೆ ಹಾಗೆ ಅನಿಸುವುದು ಸಹಜ. ಆದರೆ ಇಲ್ಲಿ ತಿಳಿದಿರಬೇಕಾದ ಮಾತು ಒಂದಿದೆ. ಗಟ್ಟಿಯಾಗಿ ಅಂಟಿಕೊಂಡಿರುವ, ಉದುರದ, ಯಾರೂ ಮುಟ್ಟದ ಸೀಲಿಂಗ್ ಎಳೆಗಳನ್ನು ಗಾಳಿಗೆ ಬಿಡುವುದಿಲ್ಲ. ಅಪಾಯ ಇರುವುದು ಧೂಳಿನಲ್ಲಿ, ಧೂಳು ಏಳುವುದು ಕೆರೆದಾಗ. ಕಿತ್ತು ಹಾಕುವ ಕೆಲಸವೇ ಅತಿ ಹೆಚ್ಚು ಧೂಳು ಎಬ್ಬಿಸುವ ಕೆಲಸ.

ಬಣ್ಣದ ವಿಷಯದಲ್ಲಿ ಒಂದು ವಿಚಿತ್ರವಿದೆ. ಬಣ್ಣ ಬಳಿಯದ ಪಾಪ್‌ಕಾರ್ನ್ ನೀರು ಕುಡಿದು ಒದ್ದೆ ಅವಲಕ್ಕಿಯಂತೆ ಮೆತ್ತಗಾಗುತ್ತದೆ, ಸುಲಭವಾಗಿ ಕಳಚುತ್ತದೆ. ಬಣ್ಣ ಬಳಿದದ್ದು ನೀರನ್ನು ಒಳಗೆ ಬಿಡುವುದೇ ಇಲ್ಲ. ಒದ್ದೆಯಾಗದ್ದನ್ನು ಕೆರೆದರೆ ಒಣ ಧೂಳು ಏಳುತ್ತದೆ, ಕೆಳಗಿನ ಜಿಪ್ಸಂ ಹಲಗೆಯ ಕಾಗದವೂ ಕಿತ್ತು ಬರುತ್ತದೆ. ತೆಗೆಯುವವನ ಪಾಲಿಗೆ ಬಣ್ಣ ಶತ್ರು. ಆದರೆ ಇದ್ದಂತೆಯೇ ಬಿಡುವವನ ಪಾಲಿಗೆ ಅದೇ ಬಣ್ಣ ಒಂದು ಹೊದಿಕೆ, ಎಳೆಗಳನ್ನು ಹಿಡಿದಿಟ್ಟಿರುವ ಪದರ. ಬಣ್ಣ ಬಳಿದ, ಗಟ್ಟಿಯಾಗಿರುವ, ಕಲ್ನಾರು ಇರುವ ಸೀಲಿಂಗ್ ಎದುರಾದರೆ ನನ್ನ ಮತ ಮುಚ್ಚುವುದಕ್ಕೇ.

ಮುಚ್ಚುವುದೆಂದರೆ ಹಳೆ ಸೀಲಿಂಗ್‌ನ ಕೆಳಗೆ ಹೊಸ ಜಿಪ್ಸಂ ಹಲಗೆ ಹೊಡೆಯುವುದು. ಕೇಳಲು ಸುಲಭ, ಆದರೆ ವಿವರಗಳಿವೆ. ಸ್ಕ್ರೂ ಹಳೆ ಹಲಗೆಗೆ ಹಿಡಿದರೆ ಸಾಲದು, ಅದರ ಮೇಲಿನ ಮರದ ಜಂತಿಗೇ ಕಚ್ಚಬೇಕು. ಅಲ್ಲಿನ ಮನೆಗಳಲ್ಲಿ ಜಂತಿಗಳ ನಡುವೆ 16 ಅಥವಾ 24 ಇಂಚು ಅಂತರ. 24 ಇಂಚು ಇರುವಲ್ಲಿ ಕಾಲು ಇಂಚಿನ ತೆಳು ಹಲಗೆ ಹಾಕಿದರೆ ಕೆಲವೇ ದಿನಗಳಲ್ಲಿ ಹೊಟ್ಟೆ ಬಿಡುತ್ತದೆ, ಅರ್ಧ ಇಂಚಿನದೇ ಬೇಕು. 4 ಅಡಿಗೆ 8 ಅಡಿಯ ಅರ್ಧ ಇಂಚಿನ ಹಲಗೆ 20 ಕಿಲೋ ಆಸುಪಾಸು ತೂಗುತ್ತದೆ. ಏಣಿಯ ಮೇಲೆ ನಿಂತು ತಲೆಯಿಂದ ಒತ್ತಿ ಹಿಡಿಯುವ ಸಾಹಸ ಬೇಡ, ಹಲಗೆ ಎತ್ತುವ ಯಂತ್ರ ದಿನದ ಬಾಡಿಗೆಗೆ ಸಿಗುತ್ತದೆ. ಸೀಲಿಂಗ್ ಅರ್ಧ ಇಂಚು ಕೆಳಗೆ ಬರುವುದರಿಂದ ದೀಪ, ಫ್ಯಾನ್‌ಗಳ ವಿದ್ಯುತ್ ಪೆಟ್ಟಿಗೆಗಳನ್ನೂ ಅಷ್ಟೇ ಕೆಳಕ್ಕೆ ಉದ್ದ ಮಾಡಬೇಕು. ಪೆಟ್ಟಿಗೆ ಒಳಗೆ ಹೂತುಹೋದರೆ ಬೆಂಕಿಯ ಭಯ.

ಸ್ಕ್ರೂ ಕೂಡ ಹಳೆ ಲೇಪನವನ್ನು ತೂತು ಮಾಡುತ್ತದೆ. ಹಾಗಾಗಿ ಕಲ್ನಾರು ಇರುವಲ್ಲಿ ಮುಚ್ಚುವ ಕೆಲಸವೂ ತರಬೇತಿ ಪಡೆದವರದ್ದೇ. ಸ್ಕ್ರೂ ಬೀಳುವ ಸಾಲುಗಳನ್ನು ಒದ್ದೆ ಮಾಡಿಕೊಂಡು, ನೆಲ ಗೋಡೆಗಳಿಗೆ ಪ್ಲಾಸ್ಟಿಕ್ ಹೊದಿಸಿ, ಸೂಕ್ಷ್ಮ ಧೂಳು ಹಿಡಿಯುವ ಹೆಪಾ ಫಿಲ್ಟರಿನ ವ್ಯಾಕ್ಯೂಮ್ ಇಟ್ಟುಕೊಂಡು ಮಾಡುತ್ತಾರೆ. ಕೋವಿಡ್ ಕಾಲದ ಬಟ್ಟೆಯ ಮಾಸ್ಕ್, ಸರ್ಜಿಕಲ್ ಮಾಸ್ಕ್ ಇದಕ್ಕೆ ಏನೇನೂ ಸಾಲದು. ಎನ್-95 ಕೂಡ ಕಲ್ನಾರಿಗೆ ಹೇಳಿದ್ದಲ್ಲ. ಅವರು ಹಾಕುವುದು ಮುಖಕ್ಕೆ ಬಿಗಿಯಾಗಿ ಕೂರುವ, ಪಿ-100 ಫಿಲ್ಟರಿನ ರಬ್ಬರ್ ಮಾಸ್ಕ್. ಗಡ್ಡ ಇದ್ದರೆ ಅದೂ ಸರಿಯಾಗಿ ಕೂರುವುದಿಲ್ಲ, ಅಂಚಿನಿಂದ ಗಾಳಿ ನುಗ್ಗುತ್ತದೆ. ನಮ್ಮ ಹುಡುಗರು ಈ ಕೆಲಸಕ್ಕೆ ತಾವೇ ಇಳಿಯದಿರಲು ಇದೂ ಒಂದು ಕಾರಣವಾಗಲಿ.

ಅಟ್ಟದ ಮೇಲೆ ಶಾಖ ತಡೆಯಲು ಏನು ಹರಡಿದ್ದಾರೆ ಎಂದೂ ಮೊದಲೇ ನೋಡಿಕೊಳ್ಳಬೇಕು. ಬೂದು ಕಂದು ಬಣ್ಣದ, ಹೊಳೆಯುವ ಪುಟ್ಟ ಕಲ್ಲಿನ ಚೂರುಗಳಿದ್ದರೆ ಅದು ವರ್ಮಿಕ್ಯುಲೈಟ್. 1919ರಿಂದ 1990ರವರೆಗೆ ಅಮೆರಿಕದಲ್ಲಿ ಮಾರಾಟವಾದ ವರ್ಮಿಕ್ಯುಲೈಟ್‌ನಲ್ಲಿ ಶೇ. 70ಕ್ಕೂ ಹೆಚ್ಚು ಬಂದದ್ದು ಮೊಂಟಾನಾ ರಾಜ್ಯದ ಲಿಬ್ಬಿ ಗಣಿಯಿಂದ, ಆ ಗಣಿಯಲ್ಲಿ ಕಲ್ನಾರೂ ಬೆರೆತಿತ್ತು. ಅದನ್ನು ಪರೀಕ್ಷೆಗೂ ಕೆದಕಬೇಡಿ, ಕಲ್ನಾರು ಇದೆ ಎಂದೇ ತಿಳಿದುಕೊಳ್ಳಿ ಎಂದು ಅಲ್ಲಿನ ಪರಿಸರ ಸಂಸ್ಥೆ ಹೇಳುತ್ತದೆ.

ಎಲ್ಲವನ್ನೂ ಮುಚ್ಚಲಾಗದು. ನೀರು ಸೋರಿ ಕಲೆ ಬಿದ್ದಿದ್ದರೆ, ಜೋತು ಬಿದ್ದಿದ್ದರೆ, ತಾನಾಗಿಯೇ ಉದುರುತ್ತಿದ್ದರೆ ಮುಚ್ಚುವುದು ಕಸವನ್ನು ಚಾಪೆಯಡಿ ತಳ್ಳಿದಂತೆ. ಆಗ ಸೋರಿಕೆ ನಿಲ್ಲಿಸಿ, ಪರವಾನಗಿ ಪಡೆದವರಿಂದ ತೆಗೆಸಲೇಬೇಕು. ಮಗುವಿನ ಕೋಣೆಯಲ್ಲಿ ಅಳಿಯ ಕೆರೆದು ಹಾಳು ಮಾಡಿದ್ದರಿಂದ ಅಲ್ಲಿ ತೆಗೆಸುವುದೇ ಸರಿ ಎಂದರಂತೆ. ಕಾರ್ಪೆಟ್ಟನ್ನೂ ಅವರೇ ಒದ್ದೆ ಮಾಡಿ ಸುತ್ತಿ, ಎರಡು ಪದರದ ಚೀಲದಲ್ಲಿ ಕಟ್ಟಿ, ಎಚ್ಚರಿಕೆಯ ಚೀಟಿ ಅಂಟಿಸಿ, ಅದಕ್ಕೆಂದೇ ಇರುವ ಕಸದ ನೆಲೆಗೆ ಒಯ್ದರು. ಕೆಲಸ ಮುಗಿದ ಮೇಲೆ ಗಾಳಿಯ ಪರೀಕ್ಷೆ ಮಾಡಿ ಶುದ್ಧ ಎಂದು ಬರೆದುಕೊಟ್ಟ ಬಳಿಕವೇ ಬಾಗಿಲು ತೆರೆದದ್ದು. ಆ ಒಂದು ಸಣ್ಣ ಕೋಣೆಗೆ ಹೋದ ಹಣ, ಇಡೀ ಹಾಲ್ ಮುಚ್ಚಲು ಆದದ್ದಕ್ಕಿಂತ ಹೆಚ್ಚು.

ಕಲ್ನಾರಿಲ್ಲದ ಊಟದ ಕೋಣೆಯನ್ನು ಮಾತ್ರ ಅಳಿಯನಿಗೆ ಬಿಟ್ಟುಕೊಟ್ಟರು. ಬಣ್ಣದ ಮೇಲೆ ಮೆಲ್ಲಗೆ ಗೀರು ಹಾಕಿ, ಬಿಸಿನೀರಿಗೆ ಪಾತ್ರೆ ತೊಳೆಯುವ ಸಾಬೂನು ಬೆರೆಸಿ ಸಿಂಪಡಿಸಿ, ಕಾಲು ಗಂಟೆ ಕಾದು, ಮತ್ತೆ ಸಿಂಪಡಿಸಿ, ಅಗಲ ಪಟ್ಟಿಯಿಂದ ಕೆರೆದ. ಒಂದು ಭಾನುವಾರ ಪೂರ್ತಿ ಕಳೆದರೂ ಮುಕ್ಕಾಲು ಭಾಗ ಉಳಿಯಿತು. ಕೆರೆದಲ್ಲೆಲ್ಲ ಕಾಗದ ಕಿತ್ತು ಕುಷ್ಠ ಹಿಡಿದಂತಿತ್ತು. ಕೊನೆಗೆ ಅದಕ್ಕೂ ಹೊಸ ಹಲಗೆಯೇ ಗತಿಯಾಯಿತು. ಅದರ ಮೇಲೆಯೇ ತೆಳುವಾಗಿ ಪುಟ್ಟಿ ಎಳೆದು ನುಣುಪು ಮಾಡುವವರೂ ಇದ್ದಾರೆ. ಬಣ್ಣ ಎಲ್ಲೂ ಎದ್ದಿಲ್ಲದಿದ್ದರೆ ಅದು ನಿಲ್ಲುತ್ತದೆ, ಎದ್ದಿದ್ದರೆ ಪುಟ್ಟಿಯ ನೀರು ಮತ್ತು ಭಾರಕ್ಕೆ ಹಳೆ ಪದರ ಸಮೇತ ಕೆಳಗೆ ಬರುತ್ತದೆ.

ಈ ವರ್ಷ ಖರ್ಚಿಗೆ ಹಣವಿಲ್ಲ ಎನ್ನುವವರು ಸುಮ್ಮನಿದ್ದರೂ ತಪ್ಪಿಲ್ಲ. ಮೊಳೆ ಹೊಡೆಯಬೇಡಿ, ಜೋಕಾಲಿಯ ಕೊಕ್ಕೆ ತೂಗಬೇಡಿ, ಜೇಡರ ಬಲೆ ತೆಗೆಯಲು ಪೊರಕೆಯಿಂದ ಉಜ್ಜಬೇಡಿ, ಮಕ್ಕಳ ಎರಡು ಮಹಡಿ ಮಂಚವನ್ನು ಅದರ ಕೆಳಗೆ ಹಾಕಬೇಡಿ. ಮೇಲಿನ ಮಂಚದಲ್ಲಿ ಮಲಗಿದ ಮಗುವಿನ ಕೈ ಸುಮ್ಮನಿರುವುದಿಲ್ಲ.

ನಮ್ಮ ಹಿತ್ತಿಲಿನ ಶೀಟು

ರಂಝಾನ್ ಕಳೆದು ಈದ್‌ನ ಮಾರನೇ ದಿನ ಅವಳು ಮತ್ತೆ ಫೋನ್ ಮಾಡಿದಳು. ಹಾಲ್‌ನ ಸೀಲಿಂಗ್ ನುಣ್ಣಗೆ ಬೆಳ್ಳಗಿತ್ತು. ಇಫ್ತಾರ್ ಊಟವೆಲ್ಲ ಆ ವರ್ಷ ಗೆಳತಿಯರ ಮನೆಯಲ್ಲೇ ಆಯಿತಂತೆ. ಮೇಲೆ ಏನಿದೆ, ಪರೀಕ್ಷೆಯ ಫಲಿತಾಂಶ ಏನು, ಯಾವ ದಿನ ಮುಚ್ಚಿದ್ದು ಎಂಬುದನ್ನೆಲ್ಲ ಕಾಗದದಲ್ಲಿ ಬರೆದು ಕರೆಂಟಿನ ಪೆಟ್ಟಿಗೆಯ ಬಾಗಿಲಿನ ಒಳಗೆ ಅಂಟಿಸಿದ್ದಾಳೆ. ಮುಂದೆ ದೀಪ ಹಾಕಲು ಬರುವವನಿಗೂ, ಮನೆ ಕೊಳ್ಳುವವರಿಗೂ ಗೊತ್ತಿರಲಿ ಎಂದು. ಆಮೇಲೆ ಅವಳೇ ಕೇಳಿದಳು: "ಮಾಮ, ನಮ್ಮ ಉಮ್ಮನ ಮನೆಯ ಹಿಂದಿನ ಅಡಿಗೆ ಕೊಟ್ಟಿಗೆಯ ಶೀಟು? ಅದೂ ಇದೇ ಅಲ್ವಾ?"

ಹೌದು, ಅದೂ ಇದೇ. ನಮ್ಮಲ್ಲಿ ಪಾಪ್‌ಕಾರ್ನ್ ಸೀಲಿಂಗ್ ಇಲ್ಲ, ಆದರೆ ಸಿಮೆಂಟ್ ಶೀಟು ಎಂದು ನಾವು ಕರೆಯುವ ಬೂದು ಬಣ್ಣದ ಅಲೆಅಲೆಯ ಶೀಟುಗಳಲ್ಲಿ ಬಹುಪಾಲು ಬಿಳಿ ಕಲ್ನಾರಿನವು. ಅರುವತ್ತಕ್ಕೂ ಹೆಚ್ಚು ದೇಶಗಳು ಕಲ್ನಾರನ್ನು ನಿಷೇಧಿಸಿವೆ. ಬಿಳಿ ಕಲ್ನಾರಿನ ಉಳಿದ ಬಳಕೆಗಳಿಗೂ ಅಮೆರಿಕ 2024ರಲ್ಲಿ ನಿಷೇಧ ಹೊರಡಿಸಿತು. ನಮ್ಮ ಸುಪ್ರೀಂ ಕೋರ್ಟ್ 1995ರಲ್ಲೇ ಕಲ್ನಾರು ಕಾರ್ಮಿಕರ ಆರೋಗ್ಯ ಅವರ ಮೂಲಭೂತ ಹಕ್ಕು ಎಂದು ತೀರ್ಪು ಕೊಟ್ಟು, ಅವರ ವೈದ್ಯಕೀಯ ದಾಖಲೆಗಳನ್ನು 40 ವರ್ಷದವರೆಗೆ ಇಡಬೇಕೆಂದು ಹೇಳಿತು. ಆದರೆ ಶೀಟಿಗೆ ಬೇಕಾದ ಕಲ್ನಾರಿನ ಆಮದು ಇಂದಿಗೂ ನಿಂತಿಲ್ಲ.

ಶೀಟಿನಲ್ಲಿ ಕಲ್ನಾರು ಸಿಮೆಂಟಿನೊಳಗೆ ಗಟ್ಟಿಯಾಗಿ ಸಿಕ್ಕಿಕೊಂಡಿರುತ್ತದೆ, ಪಾಪ್‌ಕಾರ್ನ್‌ನಷ್ಟು ಸಡಿಲವಲ್ಲ. ಮೇಲೆ ಇದ್ದಷ್ಟು ದಿನ ಭಯಪಟ್ಟು ನಿದ್ದೆ ಕೆಡಿಸಿಕೊಳ್ಳಬೇಕಿಲ್ಲ. ಅಪಾಯ ಬರುವುದು ಕೊರೆದಾಗ, ಕತ್ತರಿಸಿದಾಗ, ಒಡೆದಾಗ, ಮಳೆಬಿಸಿಲಿಗೆ ಸವೆದದ್ದನ್ನು ತಿಕ್ಕಿದಾಗ. ಸ್ಲ್ಯಾಬ್ ಹಾಕಿಸುವ ಸಂಭ್ರಮದಲ್ಲಿ ಹಳೆ ಶೀಟುಗಳನ್ನು ಮೇಲಿನಿಂದ ಕೆಳಕ್ಕೆ ಎಸೆದು ಒಡೆಯುವುದನ್ನು ನಾನೇ ಎಷ್ಟು ಕಡೆ ನೋಡಿಲ್ಲ! ಒಡೆದ ಚೂರುಗಳನ್ನು ಅಂಗಳದ ಕೆಸರಿಗೆ ಹಾಸುವುದೂ ಇದೆ, ಮಕ್ಕಳು ಅದರ ಮೇಲೇ ಆಡುತ್ತಾರೆ. ಶೀಟನ್ನು ಇಳಿಸುವಾಗ ಒದ್ದೆ ಮಾಡಿ, ಕೊಕ್ಕೆ ಬಿಚ್ಚಿ, ಇಡಿಯಾಗಿಯೇ ಇಳಿಸಬೇಕು. ಸೋರುವ ಜಾಗಕ್ಕೆ ತೂತು ಕೊರೆಯದೆ ಮೇಲಿನಿಂದ ಬಣ್ಣದ ಲೇಪ ಕೊಡಿಸಬಹುದು. ಕೆಳಗಿನಿಂದ ಫಾಲ್ಸ್ ಸೀಲಿಂಗ್ ಮಾಡಿಸುವವರು ಅದರ ಕಂಬಿಗಳನ್ನು ಶೀಟಿಗೆ ಕೊರೆದು ತೂಗಿಸದೆ ಗೋಡೆಗೋ ಪಕ್ಕಾಸಿಗೋ ಹಿಡಿಸಬೇಕು.

ತಂಗಿಯ ಮನೆಯಲ್ಲಿ ಪ್ರತಿ ವರ್ಷ ಮಳೆಗಾಲ ಶುರುವಾಗುವ ಮೊದಲು ಒಬ್ಬ ಹುಡುಗನನ್ನು ಹತ್ತಿಸಿ, ಶೀಟಿನ ಮೇಲಿನ ಒಣಗಿದ ಪಾಚಿಯನ್ನು ತಂತಿ ಬ್ರಷ್‌ನಿಂದ ಉಜ್ಜಿಸುವ ರೂಢಿ ಇತ್ತು. ಆ ಪುಡಿ ಬೀಳುವುದು ನೇರ ಬಾವಿಕಟ್ಟೆಯ ಪಕ್ಕಕ್ಕೆ, ಬಟ್ಟೆ ಒಣಗಿಸುವ ಹಗ್ಗದ ಮೇಲಕ್ಕೆ. ಈ ಸಲ ನಾನೇ ಹೋಗಿ ಬ್ರಷ್ ಕಿತ್ತುಕೊಂಡು ಬಂದೆ. ಪಾಚಿ ಇದ್ದರೆ ಇರಲಿ, ಅದರಿಂದ ಶೀಟು ಸೋರುವುದಿಲ್ಲ. "ನೋಡಲು ಚಂದ ಇಲ್ಲ" ಎಂದು ತಂಗಿ ಇನ್ನೂ ಗೊಣಗುತ್ತಿದ್ದಾಳೆ.